ಒಂದಾ, ಎರಡಾ?

ಅಕ್ಕ ಹಾಸನದ ಕಡೆ ಹೈಸ್ಕೂಲಿನಲ್ಲಿ ಟೀಚರು. ತಮ್ಮ ಬೆಂಗಳೂರಿನಲ್ಲಿ ಕಟ್ಟಡಗಳ ನಕ್ಷೆ ಬರೆಯುವವನು. ಮಾತು ಅವರಿಬ್ಬರದು.

ತಮ್ಮ: ಇದು ಮೂರನೇ ಲೋಟ ನೀರು. ಬಸ್ಸಿಗೆ ಬಾಟಲಿ ತಂದಿರಲಿಲ್ವಾ?

ಅಕ್ಕ: ತಂದಿದ್ದೆ. ತುಂಬಿದ್ದು ತುಂಬಿದ ಹಾಗೇ ಇದೆ ನೋಡು. ಪ್ರಯಾಣದ ದಿನ ಬೆಳಗಿನ ಕಾಫಿ ಆದಮೇಲೆ ನಾನು ತೊಟ್ಟು ನೀರು ಕುಡಿಯಲ್ಲ. ನಾನೊಬ್ಬಳೇ ಅಲ್ಲ, ನಮ್ಮ ಸ್ಟಾಫ್ ರೂಮಿನ ಹೆಂಗಸರೆಲ್ಲ ಹಾಗೇ.

ತಮ್ಮ: ಉರಿಮೂತ್ರ ಶುರುವಾದರೆ ಗೊತ್ತಾಗುತ್ತೆ. ದಾರೀಲಿ ಹೋಟೆಲ್ ಹತ್ತಿರ ನಿಲ್ಲಿಸ್ತಾರಲ್ಲ?

ಅಕ್ಕ: ನಿಲ್ಲಿಸ್ತಾರೆ. ಕಂಡಕ್ಟರು "ಹತ್ತು ನಿಮಿಷ ಟೈಮಿದೆ, ಕಾಫಿ ತಿಂಡಿ ಮಾಡೋರು ಮಾಡ್ಕೊಂಡು ಬನ್ನಿ" ಅಂತ ಕೂಗ್ತಾನೆ. ಅರ್ಧ ಬಸ್ಸು ಯಾತಕ್ಕೆ ಇಳೀತಿದೆ ಅಂತ ಅವನಿಗೂ ಗೊತ್ತು, ಆದರೂ ಕೂಗೋದು ಕಾಫಿ ಹೆಸರಲ್ಲೇ. ಗಂಡಸರು ಬಸ್ಸಿನ ಹಿಂದಕ್ಕೆ ಹೋಗಿ, ಬಂದು, ಕಾಫಿ ಕುಡಿದು, ಸಿಗರೇಟು ಸೇದಿ ಮುಗಿಸಿರ್ತಾರೆ. ನಾವಿನ್ನೂ ಲೈನಲ್ಲಿ ನಾಲ್ಕನೆಯವರು. ಅಷ್ಟರಲ್ಲಿ ಡ್ರೈವರ್ ಹಾರ್ನ್ ಹೊಡೀತಾನೆ. ಹೋಗಬೇಕೋ, ತಡ್ಕೊಂಡು ಹತ್ತಬೇಕೋ ಅನ್ನೋದನ್ನ ಆ ಹಾರ್ನಿನ ಸದ್ದಲ್ಲಿ ನಿರ್ಧಾರ ಮಾಡಬೇಕು.

ತಮ್ಮ: ತೀರಾ ಅವಸರ ಆದರೆ ಮಧ್ಯದಲ್ಲಿ ನಿಲ್ಲಿಸಿ ಅಂತ ಬಾಯಿಬಿಟ್ಟು ಕೇಳೋದು.

ಅಕ್ಕ: ನೀನು ಕೇಳ್ತೀಯ ಕಣೋ. "ಅಣ್ಣಾ, ಒಂದ್ನಿಮಿಷ ಸೈಡಿಗೆ" ಅಂದರೆ ನಿನ್ನ ಕೆಲಸ ಆಗುತ್ತೆ. ನಾವು ಕೇಳೋದು ಪಕ್ಕದಲ್ಲಿರೋ ಮಗುವಿನ ಹೆಸರಲ್ಲಿ. "ಮಗುಗೆ ಅರ್ಜೆಂಟಂತೆ, ಸ್ವಲ್ಪ ನಿಲ್ಲಿಸಿ." ಮಗು ಇಲ್ಲದವರು ವಾಂತಿ ಬರೋ ಹಾಗಿದೆ ಅಂತಾರೆ. ವಾಂತಿ ಅಂದರೆ ಜನ ಜಾಗ ಬಿಡ್ತಾರೆ, ನಿಂಬೆಹಣ್ಣು ಕೊಡ್ತಾರೆ. ಇದನ್ನ ಅಂದರೆ ಮುಂದಿನ ಸೀಟಿನವನು ತಿರುಗಿ ನೋಡ್ತಾನೆ. ನನ್ನ ಕ್ಲಾಸಲ್ಲೇ ನೋಡಿದೀನಲ್ಲ, ಪ್ರೈಮರೀಲಿ ಧಾರಾಳವಾಗಿ ಕಿರುಬೆರಳು ಎತ್ತುತ್ತಿದ್ದ ಹುಡುಗಿಯರು ಎಂಟನೇ ಕ್ಲಾಸಿಗೆ ಬರೋ ಹೊತ್ತಿಗೆ ಬೆರಳು ಮಡಚಿಬಿಡ್ತಾರೆ. ಸಂಜೆವರೆಗೂ ತಡ್ಕೊಂಡು ಮನೆಗೆ ಓಡ್ತಾರೆ.

ತಮ್ಮ: ಮುಜುಗರ ಬಿಟ್ಟು ಕೇಳಿದವರಿಂದ ಊರಿಗೇ ಉಪಕಾರ ಆಗಿದ್ದೂ ಇದೆ. 1909ರಲ್ಲಿ ಓಖಿಲ್ ಚಂದ್ರ ಸೇನ್ ಅನ್ನೋರು ರೈಲಲ್ಲಿ ಹೋಗ್ತಿದ್ದರು. ಹಲಸಿನ ಹಣ್ಣು ಜಾಸ್ತಿ ತಿಂದು ಹೊಟ್ಟೆ ಕೆಟ್ಟು, ಬಂಗಾಳದ ಅಹ್ಮದ್‌ಪುರ ಸ್ಟೇಷನ್ನಲ್ಲಿ ಇಳಿದರು. ಅವರು ಕೂತಿರೋವಾಗಲೇ ಗಾರ್ಡು ಸೀಟಿ ಊದಿದ. ಒಂದು ಕೈಯಲ್ಲಿ ಚೊಂಬು, ಒಂದು ಕೈಯಲ್ಲಿ ಪಂಚೆ ಹಿಡ್ಕೊಂಡು ಓಡಿ, ಪ್ಲಾಟ್‌ಫಾರ್ಮ್ ಮೇಲೆ ಎಲ್ಲರೆದುರು ಬಿದ್ದರು. ರೈಲು ಹೊರಟುಹೋಯ್ತು. ಅವರು ಸುಮ್ಮನಿರದೆ ಸಾಹಿಬ್‌ಗಂಜ್ ವಿಭಾಗದ ರೈಲ್ವೆ ಕಚೇರಿಗೆ ತಮ್ಮ ಹರಕು ಇಂಗ್ಲಿಷಲ್ಲಿ ಇದನ್ನೆಲ್ಲ ಒಂದೂ ಬಿಡದೆ ಬರೆದು, ಆ ಗಾರ್ಡಿಗೆ ದಂಡ ಹಾಕಿ ಅಂದರು. ಕೆಳದರ್ಜೆ ಬೋಗಿಗಳಿಗೆ ಶೌಚಾಲಯ ಬಂದದ್ದು ಆ ಕಾಗದದ ದೆಸೆಯಿಂದಲೇ ಅಂತ ಹೇಳ್ತಾರೆ. ಕಾಗದ ದೆಹಲಿಯ ರೈಲು ಮ್ಯೂಸಿಯಮ್ಮಲ್ಲಿದೆ.

ಅಕ್ಕ: ಪುಣ್ಯಾತ್ಮ. ಆದರೆ ಅವರೂ ಗಂಡಸರೇ. ಸೆರಗು ಜಾರಿ ಬಿದ್ದ ಹೆಂಗಸು ಅದನ್ನ ಅರ್ಜಿ ಬರೀತಾಳಾ? ಯಾರಿಗೂ ಹೇಳದೆ ಸಾಯೋವರೆಗೂ ಮುಚ್ಚಿಡ್ತಾಳೆ.

ತಮ್ಮ: ಹಾಗಂತ ನಮಗೆ ಮುಜುಗರ ಇಲ್ಲ ಅನ್ಕೋಬೇಡ. ಬಸ್ ನಿಲ್ದಾಣದ ಶೌಚಾಲಯದ ಬಾಗಿಲಲ್ಲಿ ಮೇಜು ಹಾಕ್ಕೊಂಡು ಕೂತಿರ್ತಾನಲ್ಲ, ಅವನು ಹತ್ತು ಜನರೆದುರು ಗಟ್ಟಿಯಾಗಿ ಕೇಳ್ತಾನೆ: "ಒಂದಾ, ಎರಡಾ?" ಎರಡು ಅಂದರೆ ರೇಟು ಬೇರೆ. ಅಕ್ಕಪಕ್ಕದವರಿಗೆಲ್ಲ ನನ್ನ ಹೊಟ್ಟೆಯ ಸಮಾಚಾರ ತಿಳಿಸಿ ಒಳಗೆ ಹೋಗಬೇಕು. ಚಿಲ್ಲರೆ ಇಲ್ಲದ ಕಷ್ಟ ಸ್ಕ್ಯಾನ್ ಮಾಡೋದು ಬಂದಮೇಲೆ ತಪ್ಪಿತು ಅನ್ಕೊಂಡರೆ, ಆ ಡಬ್ಬಿ ಕನ್ನಡದಲ್ಲಿ ಕೂಗುತ್ತೆ: "ಐದು ರೂಪಾಯಿ ಸ್ವೀಕರಿಸಲಾಗಿದೆ." ನಿಲ್ದಾಣಕ್ಕೆಲ್ಲ ಪ್ರಕಟಣೆ ಆದ ಹಾಗೆ.

ಅಕ್ಕ: ನಮ್ಮನ್ನ ಆ ಪ್ರಶ್ನೆ ಕೇಳೋದೇ ಇಲ್ಲ. ಯಾವುದಕ್ಕೆ ಹೋದರೂ ಒಂದೇ ರೇಟು, ಹೆಚ್ಚಿನದೇ. "ಮೂತ್ರ ವಿಸರ್ಜನೆ ಉಚಿತ" ಅಂತ ಅವನ ತಲೆ ಮೇಲೇ ಬೋರ್ಡಿರುತ್ತೆ. ತೋರಿಸಿದರೆ "ಅದು ಜೆಂಟ್ಸ್‌ಗಮ್ಮ" ಅಂತಾನೆ. ಐದು ರೂಪಾಯಿಗೆ ಜಗಳ ಆಡಿದರೆ ಹಿಂದೆ ನಿಂತಿರೋರು ಗೊಣಗ್ತಾರೆ. ನಮಗೂ ಜಗಳ ಆಡೋಷ್ಟು ಪುರುಸೊತ್ತಿರಲ್ಲ ಆ ಹೊತ್ತಲ್ಲಿ. ಅವನಿಗೆ ಅದು ಚೆನ್ನಾಗಿ ಗೊತ್ತು.

ತಮ್ಮ: ಕಾಸು ತಗೊಳ್ಳೋದು ಹಳೇ ಪದ್ಧತಿ. 1851ರಲ್ಲಿ ಲಂಡನ್ನಿನ ಮಹಾ ಪ್ರದರ್ಶನದಲ್ಲಿ ಜಾರ್ಜ್ ಜೆನ್ನಿಂಗ್ಸ್ ಅನ್ನೋನು ಶೌಚಾಲಯ ಹಾಕಿ ತಲೆಗೊಂದು ಪೆನ್ನಿ ತಗೊಂಡ. ಎಂಟು ಲಕ್ಷಕ್ಕೂ ಹೆಚ್ಚು ಜನ ಕೊಟ್ಟು ಹೋದರು. ನಮ್ಮಲ್ಲಿ ಬಿಂದೇಶ್ವರ ಪಾಠಕ್ 1970ರಲ್ಲಿ ಸುಲಭ್ ಸಂಸ್ಥೆ ಕಟ್ಟಿದರು. ದುಡ್ಡು ಕೊಟ್ಟು ಬಳಸೋ ಅವರ ಶೌಚಾಲಯ ಪಟ್ನಾದಲ್ಲಿ ಶುರುವಾದಾಗ, ಇದಕ್ಕೂ ಯಾರಾದರೂ ಕಾಸು ಕೊಡ್ತಾರಾ ಅಂತ ನಕ್ಕವರಿದ್ದರು. ಜನ ಕೊಟ್ಟರು. ಆ ಕಾಸಿಂದಲೇ ನೀರು, ಫಿನಾಯಿಲ್, ಕೆಲಸದವರ ಸಂಬಳ ನಡೀತು. ದುಡ್ಡು ತಗೊಳ್ಳೋದು ತಪ್ಪಲ್ಲ ಅಕ್ಕ.

ಅಕ್ಕ: ತಗೊಳ್ಳಲಿ, ಇಬ್ಬರಿಂದಲೂ ತಗೊಳ್ಳಲಿ. ಮುಂಬಯಿಯಲ್ಲಿ 2011ರಲ್ಲಿ ಹೆಂಗಸರು ಚಳವಳಿಯನ್ನೇ ಶುರುಮಾಡಿದ್ದು ಇದಕ್ಕೆ. ಗಂಡಸರಿಗೆ ಪುಕ್ಕಟೆ, ನಮಗೆ ಕಾಸು ಯಾಕೆ ಅಂತ. ನಮ್ಮಲ್ಲಿ 2023ರ ಜೂನಿನಿಂದ ಶಕ್ತಿ ಯೋಜನೇಲಿ ಹೆಂಗಸರಿಗೆ ಬಸ್ಸು ಫ್ರೀ. ಮೈಸೂರಿಗೆ ಹೋಗಿ ಬರೋಕೆ ಟಿಕೆಟ್ಟಿಗೆ ಕಾಸು ಬೇಡ, ನಡುವೆ ಇಳಿದು ಹೋಗಿ ಬರೋಕೆ ಬೇಕು. ಬಸ್ಸಲ್ಲಿ ಹೆಂಗಸರು ಜಾಸ್ತಿ ಆದರು, ನಿಲ್ದಾಣದ ಬಾಗಿಲುಗಳು ಜಾಸ್ತಿ ಆಗಲಿಲ್ಲ.

ತಮ್ಮ: ಏನೂ ಮಾಡಿಲ್ಲ ಅನ್ನೋ ಹಾಗಿಲ್ಲ. 2020ರಲ್ಲಿ ಹಳೇ ಬಸ್ಸೊಂದನ್ನೇ ಹೆಂಗಸರ ಶೌಚಾಲಯ ಮಾಡಿ ಮೆಜೆಸ್ಟಿಕ್ಕಲ್ಲಿ ನಿಲ್ಲಿಸಿದ್ದರು.

ಅಕ್ಕ: ಒಳ್ಳೇದೇ. ಮೆಜೆಸ್ಟಿಕ್ ತಲುಪೋವರೆಗೂ ತಡ್ಕೊಂಡವರಿಗೆ.

ತಮ್ಮ: ನಮ್ಮ ಒಳಗಿನ ಕಥೆ ಕೇಳು. ನಿಲ್ಲೋ ಜಾಗ ಸಾಲಾಗಿ ಮೂರು ಇದ್ದು, ಒಂದು ತುದೀಲಿ ಒಬ್ಬ ನಿಂತಿದ್ದರೆ ಬರೋನು ಇನ್ನೊಂದು ತುದಿಗೇ ಹೋಗಬೇಕು. ಮಧ್ಯದ್ದಕ್ಕೆ ಹೋದರೆ ಮೈಮೇಲೆ ಬಿದ್ದ ಹಾಗೆ. ಕಣ್ಣು ಗೋಡೆ ಮೇಲಿರಬೇಕು. ಗೋಡೆಯ ಟೈಲ್ಸಲ್ಲಿ ಎಷ್ಟು ಬಿರುಕಿದೆ ಅಂತ ಲೆಕ್ಕ ಹಾಕಬಹುದು, ಪಕ್ಕಕ್ಕೆ ನೋಡೋ ಹಾಗಿಲ್ಲ. ಮಾತು ಬೇಡವೇ ಬೇಡ. ಯಾರೂ ಇದನ್ನ ಹೇಳಿಕೊಡಲ್ಲ, ಎಲ್ಲರಿಗೂ ಗೊತ್ತಿರುತ್ತೆ. ಗೊತ್ತಿಲ್ಲದೋನು ಅಂದರೆ ನಮ್ಮ ಆಫೀಸಿನ ದೊಡ್ಡ ಸಾಹೇಬರು. ಪಕ್ಕಕ್ಕೇ ಬಂದು ನಿಂತು, ಮುಖ ನೋಡಿ, "ಊಟ ಆಯ್ತಾ?" ಅಂತಾರೆ. ಆ ಜಾಗದಲ್ಲಿ ನಿಂತು ಏನು ಉತ್ತರ ಕೊಡೋದು? ಅವರು ಹೊರಡೋವರೆಗೂ ನನ್ನ ಕೆಲಸ ಶುರುವೇ ಆಗಲ್ಲ.

ಅಕ್ಕ: ಅದಕ್ಕೂ ಇದಕ್ಕೂ ಏನು ಸಂಬಂಧ?

ತಮ್ಮ: ಸಂಬಂಧ ಇದೆ. 1976ರಲ್ಲಿ ಅಮೆರಿಕದ ಮನಶ್ಶಾಸ್ತ್ರಜ್ಞರು ಒಂದು ವಿಶ್ವವಿದ್ಯಾಲಯದ ಶೌಚಾಲಯದಲ್ಲಿ ಪರೀಕ್ಷೆ ಮಾಡಿದರು. ಪಕ್ಕದ ಕೋಣೇಲಿ ಕೂತು, ಪುಸ್ತಕದ ರಾಶಿಯಲ್ಲಿ ಪೆರಿಸ್ಕೋಪ್ ಬಚ್ಚಿಟ್ಟು, ಅರವತ್ತು ಜನರ ಟೈಮ್ ಅಳೆದರು. ಪಕ್ಕದಲ್ಲಿ ಯಾರೂ ಇಲ್ಲದಿದ್ದರೆ ಶುರುವಾಗೋಕೆ ಸರಾಸರಿ 4.9 ಸೆಕೆಂಡು. ಒತ್ತಾಗಿ ಒಬ್ಬ ನಿಂತರೆ 8.4 ಸೆಕೆಂಡು.

ಅಕ್ಕ: ಥೂ! ಪಾಪ ಅವರಿಗೆ ಗೊತ್ತಿಲ್ಲದ ಹಾಗೆ ಇಣುಕಿ ನೋಡಿದರಾ? ಪೆರಿಸ್ಕೋಪ್ ಹಿಡಿದವರು ಮರ್ಯಾದೆ ಬಗ್ಗೆ ಪ್ರಬಂಧ ಬರೆದರಾ?

ತಮ್ಮ: ಆಮೇಲೆ ಬೈಸ್ಕೊಂಡರು. ಆದರೆ ಒಂದು ಗೊತ್ತಾಯ್ತಲ್ಲ: ಸಂಕೋಚ ಅನ್ನೋದು ಮನಸ್ಸಿನ ಬಿಂಕ ಅಲ್ಲ, ಮೈಯ ಸ್ನಾಯುವಿಗೇ ತಟ್ಟುತ್ತೆ. ಅದಕ್ಕೇ ನಾನು ನಕ್ಷೇಲಿ ಎರಡರ ನಡುವೆ ಎದೆಮಟ್ಟದ ಅಡ್ಡಗಲ್ಲು ಹಾಕ್ತೀನಿ. ಮಾಲೀಕರು ಕಲ್ಲಿನ ಖರ್ಚು ಅಂತ ಮೊದಲು ಹೊಡೆದುಹಾಕೋದು ಅದನ್ನೇ.

ಅಕ್ಕ: ನಿಮ್ಮದು ಅಡ್ಡಗಲ್ಲಿನ ಸಮಸ್ಯೆ, ನಮ್ಮದು ಅಗುಳಿ ಸಮಸ್ಯೆ. ಹತ್ತು ಬಾಗಿಲಲ್ಲಿ ಎಂಟಕ್ಕೆ ಚಿಲಕ ಇರಲ್ಲ. ಚಿಲಕ ಇದ್ದ ಕಡೆ ನೀರಿರಲ್ಲ. ಲೈನಲ್ಲಿ ಹಿಂದೆ ನಿಂತ ಅಪರಿಚಿತಳಿಗೆ "ಸ್ವಲ್ಪ ಬಾಗಿಲು ಹಿಡ್ಕೊಳ್ತೀರಾ?" ಅಂತ ಕೇಳ್ಬೇಕು. ಅವಳ ಹೆಸರು ಗೊತ್ತಿಲ್ಲ, ಊರು ಗೊತ್ತಿಲ್ಲ, ಮಾನವನ್ನ ಮಾತ್ರ ಅವಳ ಕೈಗೆ ಕೊಟ್ಟು ಒಳಗೆ ಹೋಗ್ತೀವಿ. ಅವಳು ಹಿಡ್ಕೊಳ್ತಾಳೆ. ಆಮೇಲೆ ನಾನು ಅವಳ ಬ್ಯಾಗು, ಮಗು ಎರಡನ್ನೂ ಹಿಡ್ಕೊಳ್ತೀನಿ. ಇಷ್ಟು ವರ್ಷದಲ್ಲಿ ಒಬ್ಬಳೂ ಇಲ್ಲ ಅಂದಿದ್ದು ನಾನು ನೋಡಿಲ್ಲ.

ತಮ್ಮ: ಹಿಡ್ಕೊಳ್ಳೋರು ಯಾರೂ ಇಲ್ಲದಿದ್ದರೆ?

ಅಕ್ಕ: ಕೆಮ್ಮೋದು. ಹೊರಗೆ ಹೆಜ್ಜೆ ಸಪ್ಪಳ ಆದ ತಕ್ಷಣ ಕೆಮ್ಮು. ಇಲ್ಲವೇ ಜಗ್ಗಿಂದ ಬಕೆಟ್ಟಿಗೆ ಎರಡು ಸಲ ಬಡಿಯೋದು. ಬಾಗಿಲು ತಟ್ಟೋದರಲ್ಲೂ ರೀತಿ ಇದೆ. ಬೆರಳಿನ ಗೆಣ್ಣಲ್ಲಿ ಎರಡು ಸಲ ತಟ್ಟಿ ನಿಂತರೆ ವಿಚಾರಣೆ. ಅಂಗೈಯಲ್ಲಿ ದಬದಬ ಬಡಿದರೆ ಜಪ್ತಿ. ಇನ್ನು ಬ್ಯಾಗು ನೇತುಹಾಕೋಕೆ ಒಂದು ಮೊಳೆ ಇರಲ್ಲ. ಬ್ಯಾಗು ಕೊರಳಿಗೆ, ಸೀರೆ ಒಂದು ಕೈಲಿ, ಮೊಬೈಲು ಹಲ್ಲಲ್ಲಿ. ನೆಲವೆಲ್ಲ ಒದ್ದೆ, ಅದು ನೀರೋ ಇನ್ನೊಂದೋ ಅಂತ ಯೋಚನೆ ಮಾಡಬಾರದು. ಇಷ್ಟೆಲ್ಲದರ ಮಧ್ಯೆ ಸದ್ದು ಹೊರಗೆ ಕೇಳಬಾರದು ಅಂತ ನಲ್ಲಿ ಬೇರೆ ಬಿಡ್ತೀವಿ.

ತಮ್ಮ: ಜಪಾನಿನಲ್ಲೂ ಹೆಂಗಸರು ಸದ್ದು ಮುಚ್ಚೋಕೆ ಮತ್ತೆ ಮತ್ತೆ ಫ್ಲಶ್ ಮಾಡಿ ನೀರು ಖಾಲಿ ಮಾಡ್ತಿದ್ದರು. 1988ರಲ್ಲಿ ಟೋಟೋ ಕಂಪನಿಯವರು ನೀರಿನ ಸದ್ದು ಮಾಡೋ ಒಂದು ಯಂತ್ರವನ್ನೇ ತಂದರು. ಗುಂಡಿ ಒತ್ತಿದರೆ ನೀರು ಹರಿದ ಹಾಗೆ ಸದ್ದು, ನೀರು ಮಾತ್ರ ಹರಿಯಲ್ಲ.

ಅಕ್ಕ: ಅದನ್ನ ಇಲ್ಲಿಗೆ ತಂದರೆ ಮಾರನೇ ದಿನ ಯಂತ್ರ ಇರಲ್ಲ, ಅದಕ್ಕೆ ಹೊಡೆದ ಮೊಳೆ ಇರುತ್ತೆ. ಆಗ ಬ್ಯಾಗು ನೇತುಹಾಕಬಹುದು! ತಮಾಷೆ ಇರಲಿ. ನಕ್ಷೆ ಬರೆಯೋನು ನೀನು, ಹೇಳು. ನಮ್ಮ ಲೈನು ಮಾತ್ರ ಯಾಕೆ ಹನುಮಂತನ ಬಾಲ? ಹೆಂಗಸರು ಒಳಗೆ ಅಲಂಕಾರ ಮಾಡ್ಕೊಳ್ತಾರೆ ಅಂತ ನಿಮ್ಮವರು ನಗ್ತಾರೆ.

ತಮ್ಮ: ನಗೋರಿಗೆ ಲೆಕ್ಕ ಗೊತ್ತಿಲ್ಲ. ಸಮಾನತೆ ಅಂತ ಇಬ್ಬರಿಗೂ ಒಂದೇ ಅಳತೆಯ ಕೋಣೆ ಬರೀತೀವಿ. ನಿಂತು ಮುಗಿಸೋ ಜಾಗಕ್ಕೆ ಬಾಗಿಲು ಬೇಡ, ಗೋಡೆ ಬೇಡ. ಹಾಗಾಗಿ ಗಂಡಸರ ಕಡೆ ಐದು ನಿಲ್ಲೋ ಜಾಗ, ಎರಡು ಕೋಣೆ ಹಿಡಿಸಿದರೆ, ಅದೇ ಅಳತೆಯಲ್ಲಿ ನಿಮ್ಮ ಕಡೆ ನಾಲ್ಕು ಕೋಣೆ ಹಿಡಿಸಿದರೆ ಹೆಚ್ಚು. ಅಲ್ಲಿಗೆ ಏಳಕ್ಕೆ ನಾಲ್ಕು. ಮೇಲೆ ಒಬ್ಬೊಬ್ಬರಿಗೆ ಹೊತ್ತೂ ಜಾಸ್ತಿ. ಸೀರೆ, ಚೂಡಿದಾರ್ ಇದೆ, ಜೊತೇಲಿ ಮಗು ಇದೆ, ಮುಟ್ಟಿನ ದಿನ ಇದೆ, ಬಸುರಿಯರು, ವಯಸ್ಸಾದವರು ಇದ್ದಾರೆ. ನಕ್ಷೇಲಿ ಸರಿಸಮ ಕಾಣೋದು ಬಾಗಿಲಲ್ಲಿ ಸರಿಸಮ ಅಲ್ಲ. ನಿಮ್ಮ ಕಡೆ ಜಾಸ್ತಿ ಜಾಗ ಕೊಟ್ಟರೆ ಮಾತ್ರ ಲೈನು ಸಮ ಆಗುತ್ತೆ.

ಅಕ್ಕ: ಇದನ್ನ ಮೀಟಿಂಗಲ್ಲಿ ಹೇಳ್ತೀಯಾ?

ತಮ್ಮ: ಹೇಳಿದರೆ ಎಲ್ಲರೂ ಫೈಲ್ ನೋಡೋಕೆ ಶುರುಮಾಡ್ತಾರೆ. ಲಿಫ್ಟು, ಪಾರ್ಕಿಂಗು ಅಂದರೆ ಒಂದು ಗಂಟೆ ಚರ್ಚೆ. ಶೌಚಾಲಯ ಅಂದರೆ "ಅದೆಲ್ಲ ನೀವೇ ನೋಡ್ಕೊಳ್ಳಿ". ಮಾತಾಡೋಕೇ ನಾಚ್ಕೊಳ್ಳೋ ವಿಷಯಕ್ಕೆ ದುಡ್ಡು ಎಲ್ಲಿಂದ ಬರುತ್ತೆ?

ಅಕ್ಕ: ಎರಡು ಬಾಗಿಲಲ್ಲಿ ಯಾವುದಕ್ಕೂ ಸೇರಿಸದವರೂ ಇದ್ದಾರೆ. ನಮ್ಮೂರ ನಿಲ್ದಾಣದಲ್ಲಿ ಒಬ್ಬ ಮಂಗಳಮುಖಿ ಹೆಂಗಸರ ಲೈನಲ್ಲಿ ನಿಂತಿದ್ದಳು. ಮುಂದಿನವರು ಮುಂದಕ್ಕೆ, ಹಿಂದಿನವರು ಹಿಂದಕ್ಕೆ ಸರಿದರು. ಅವಳು ಎರಡು ನಿಮಿಷ ನಿಂತು ಹೊರಟುಹೋದಳು. ಆ ಕಡೆ ಬಾಗಿಲಿಗೆ ಹೋದರೆ ಏನಾಗುತ್ತೆ ಅಂತ ಅವಳಿಗೆ ಗೊತ್ತು.

ತಮ್ಮ: ಅವರಿಗೆ ಸಾರ್ವಜನಿಕ ಶೌಚಾಲಯದ ವ್ಯವಸ್ಥೆ ಮಾಡಿ ಅಂತ ಸುಪ್ರೀಂ ಕೋರ್ಟು 2014ರಲ್ಲೇ ಹೇಳಿದೆ. ಇವತ್ತಿಗೂ ಎಷ್ಟೋ ನಕ್ಷೆಗಳಲ್ಲಿ ಎರಡೇ ಬಾಗಿಲು.

ಅಕ್ಕ: ನೀವು ಗಂಡಸರಿಗಂತೂ ಬಾಗಿಲೇ ಬೇಡ, ಗೋಡೆ ಸಾಕು. ಇಷ್ಟೆಲ್ಲ ಸಂಕೋಚ ಹೇಳಿದೆಯಲ್ಲ, ರಸ್ತೆ ಪಕ್ಕ ನಿಂತಾಗ ಅದೆಲ್ಲಿ ಹೋಗುತ್ತೆ? ಅಪಾರ್ಟ್‌ಮೆಂಟ್ ಗೋಡೆಗೆ ಸಾಲಾಗಿ ದೇವರ ಟೈಲ್ಸ್ ಅಂಟಿಸ್ತಾರೆ. ಪಾಪ, ಎಲ್ಲ ಧರ್ಮದ ದೇವರನ್ನೂ ಕಾವಲಿಗೆ ನಿಲ್ಲಿಸ್ತಾರೆ.

ತಮ್ಮ: ಬೆಂಗಳೂರಿನ ಪಾಲಿಕೆಯವರು 2020ರಲ್ಲಿ ಇನ್ನೊಂದು ಉಪಾಯ ಮಾಡಿದರು. ಜನ ನಿಲ್ಲೋ ಐದು ಕಡೆ ದೊಡ್ಡ ಕನ್ನಡಿ ಹಾಕಿದರು. ನಿಂತವನಿಗೆ ತನ್ನನ್ನೇ ನೋಡಿ ನಾಚಿಕೆಯಾಗಲಿ ಅಂತ. ಹತ್ತಿರದ ಶೌಚಾಲಯ ಎಲ್ಲಿದೆ ಅನ್ನೋದಕ್ಕೆ ಅದರಲ್ಲೇ ಸ್ಕ್ಯಾನ್ ಮಾಡೋ ಗುರುತೂ ಇತ್ತು.

ಅಕ್ಕ: ನೋಡು, ನಮ್ಮ ನಾಚಿಕೆಯೆಲ್ಲ ಕಣ್ಣಿಂದಷ್ಟೇ. ಯಾರಾದರೂ ನೋಡ್ತಾರಾ, ಕೇಳಿಸ್ಕೊಳ್ತಾರಾ ಅನ್ನೋದಷ್ಟೇ ಚಿಂತೆ. ಬಾಗಿಲು ಹಾಕಿ, ಯಾರೂ ನೋಡದ ಜಾಗ ಸಿಕ್ಕ ಮೇಲೆ ಅದೇ ಮನುಷ್ಯರು ಏನು ಮಾಡಿ ಬರ್ತಾರೆ ಅಂತ ಮುಂದಿನವಳಿಗೆ ಗೊತ್ತು. ಕಮೋಡಿನ ಅಂಚಲ್ಲಿ ಚಪ್ಪಲಿ ಗುರುತು. ಪ್ಯಾಡನ್ನ ಕಾಗದದಲ್ಲೂ ಸುತ್ತದೆ ಮೂಲೆಗೆ ಬಿಸಾಡಿರ್ತಾರೆ. ನೀರು ಹಾಕಿರಲ್ಲ. ಸದ್ದು ಕೇಳಬಾರದು ಅಂತ ಬಕೆಟ್ಟುಗಟ್ಟಲೆ ನಲ್ಲಿ ಬಿಟ್ಟವಳು, ಹೊರಡೋವಾಗ ಎರಡು ಜಗ್ಗು ಸುರಿಯಲ್ಲ.

ತಮ್ಮ: ಅಷ್ಟು ಕಟುವಾಗಿ ಹೇಳಬೇಡ. ನೀರೇ ಬರದ ನಲ್ಲಿ, ಡಸ್ಟ್‌ಬಿನ್ನೇ ಇಲ್ಲದ ಕೋಣೆ ಕೊಟ್ಟು ಶಿಸ್ತು ಕೇಳಿದರೆ ಹೇಗೆ? ಜಾಗ ಚೆನ್ನಾಗಿದ್ದರೆ ಜನವೂ ಚೆನ್ನಾಗಿ ಇಟ್ಕೊಳ್ತಾರೆ. ಮಾಲುಗಳಲ್ಲಿ, ಏರ್‌ಪೋರ್ಟಲ್ಲಿ ನೋಡು, ಅದೇ ಜನ ಅಲ್ವಾ?

ಅಕ್ಕ: ಮಾಲಿನಲ್ಲಿ ಬಾಗಿಲ ಹಿಂದೆ ಒಂದು ಚಾರ್ಟ್ ನೇತುಹಾಕಿರ್ತಾರೆ, ನೋಡಿದೀಯಾ? ಗಂಟೆಗೊಂದು ಸಹಿ. ಒಬ್ಬಳು ದಿನವಿಡೀ ಒರೆಸುವ ಕೋಲು ಹಿಡ್ಕೊಂಡು ಅಲ್ಲೇ ನಿಂತಿರ್ತಾಳೆ. ನಾವು ಹೊರಬಂದ ತಕ್ಷಣ ಒಳಗೆ ಹೋಗ್ತಾಳೆ. ಅಲ್ಲಿ ಕಾಣೋದು ಅವಳ ದುಡಿಮೆ ಕಣೋ. ನಮ್ಮ ಶಿಸ್ತು ಅಂತ ಹೊಗಳ್ಕೋಬೇಡ. ನೀರು, ಡಬ್ಬಿ ಕೊಡಬೇಕಾದ್ದು ನಿಲ್ದಾಣದವರ ಕೆಲಸ, ಒಪ್ಪಿದೆ. ಆದರೆ ಎರಡೂ ಇದ್ದ ಕಡೆಯೂ ನಾನು ನೋಡಿದೀನಿ.

ತಮ್ಮ: ನಮ್ಮ ಕಡೆ ಶುಚಿ ಮಾಡೋಕೂ ಎಷ್ಟೋ ಸಲ ಹೆಂಗಸರೇ ಬರ್ತಾರೆ. ಬಾಗಿಲಾಚೆ ನಿಂತು "ಯಾರಾದರೂ ಇದ್ದೀರಾ?" ಅಂತ ಕೂಗಿ ಕಾಯ್ತಾರೆ. ಒಳಗಿನವರು ಉತ್ತರ ಕೊಡಲ್ಲ. ಅವರು ಒಳಗೆ ಒರೆಸ್ತಿರೋವಾಗ ಬಂದವರು ಹೊರಗೆ ಕಾಯಲ್ಲ, ಅವರು ಅಲ್ಲಿ ಇಲ್ಲವೇ ಇಲ್ಲ ಅನ್ನೋ ಹಾಗೆ ಹೋಗಿ ನಿಲ್ತಾರೆ. ಪಕ್ಕದ ಗಂಡಸಿನ ಎದುರು ಅಷ್ಟು ಸಂಕೋಚ ಪಡೋ ನಮಗೆ ಆ ಹೆಂಗಸಿನ ಎದುರು ಇಲ್ಲ. ಕೊನೆಗೆ ಗೋಡೆಗೆ ತಿರುಗಿ ನಿಲ್ಲೋದು ಅವರೇ.

ಅಕ್ಕ: ಅವರನ್ನ ಮನುಷ್ಯರ ಲೆಕ್ಕಕ್ಕೆ ಹಿಡಿದರೆ ತಾನೇ ನಾಚಿಕೆ! ಇದು ಇವತ್ತಿನದಲ್ಲ. ಮಲ ಹೊರೋ ಪದ್ಧತಿಯನ್ನ ನಮ್ಮ ರಾಜ್ಯದಲ್ಲಿ ದೇವರಾಜ ಅರಸು ಕಾಲದಲ್ಲೇ ಬಸವಲಿಂಗಪ್ಪನವರು ಮಂತ್ರಿಯಾಗಿ ನಿಷೇಧ ಮಾಡಿದರು. ಆದರೂ 2010ರಲ್ಲಿ ಹಾವೇರಿ ಜಿಲ್ಲೆಯ ಸವಣೂರಿನಲ್ಲಿ ಭಂಗಿ ಸಮುದಾಯದವರು ಪುರಸಭೆ ಎದುರು ಮಲ ಮೈಮೇಲೆ ಸುರ್ಕೊಂಡು ಪ್ರತಿಭಟನೆ ಮಾಡಬೇಕಾಯ್ತು. ತಲೆಮಾರುಗಟ್ಟಲೆ ಊರಿನ ಹೊಲಸು ಹೊತ್ತಾಗ ಯಾರೂ ಅವರ ಕಡೆ ನೋಡಿರಲಿಲ್ಲ. ಅದನ್ನೇ ಮೈಮೇಲೆ ಸುರ್ಕೊಂಡಾಗ ರಾಜ್ಯವೆಲ್ಲ ನೋಡ್ತು. ಕೇಂದ್ರದ ಹೊಸ ಕಾಯ್ದೆ ಬಂದದ್ದು 2013ರಲ್ಲಿ. ಅದಾದಮೇಲೂ ಗುಂಡಿಗೆ ಇಳಿದು ಸಾಯೋರ ಸುದ್ದಿ ಪೇಪರಲ್ಲಿ ಬರ್ತಾನೇ ಇದೆ.

ತಮ್ಮ: ಹಾಗಾದರೆ ನಿನ್ನ ಪ್ರಕಾರ ಈ ಸಂಕೋಚ, ಅಡ್ಡಗಲ್ಲು, ಕೆಮ್ಮು ಎಲ್ಲ ಬೂಟಾಟಿಕೆ?

ಅಕ್ಕ: ಅಲ್ಲಪ್ಪ. ಗೋಡೆ ನೋಡ್ಕೊಂಡು ನಿಲ್ಲೋದು, ಕೆಮ್ಮೋದು, ಬಾಗಿಲು ಹಿಡ್ಕೊಳ್ಳೋದು ಒಬ್ಬರ ಮಾನವನ್ನ ಇನ್ನೊಬ್ಬರು ಕಾಯೋ ಕೆಲಸ. ಅದು ಇರಬೇಕು. ನಾನು ಹೇಳೋದು, ನಾಚಿಕೆ ಬೇಡದ ಕಡೆ ರಾಶಿ ಬಿದ್ದಿದೆ, ಬೇಕಾದ ಕಡೆ ಚೂರೂ ಇಲ್ಲ. ಕಂಡಕ್ಟರನ್ನ ಕೇಳೋಕೆ, ಪೆಟ್ರೋಲ್ ಬಂಕಲ್ಲಿ ಬೀಗದ ಕೈ ಕೇಳೋಕೆ, ಮೀಟಿಂಗಲ್ಲಿ ಬಾಯಿಬಿಡೋಕೆ ನಾಚಿಕೆ. ಹೊಲಸು ಬಿಟ್ಟು ಬರೋಕೆ, ಅದನ್ನ ತೊಳೆಯೋರ ಮುಖ ನೋಡದೆ ಹೋಗೋಕೆ ನಾಚಿಕೆ ಇಲ್ಲ.

ತಮ್ಮ: ಪೆಟ್ರೋಲ್ ಬಂಕಲ್ಲಿ ಬೀಗದ ಕೈ ಕೇಳೋಕೆ ಹಿಂದೆಮುಂದೆ ನೋಡಬೇಡ. ಗಾಳಿ, ಕುಡಿಯೋ ನೀರಿನ ಜೊತೆ ಶೌಚಾಲಯವನ್ನೂ ಗಿರಾಕಿಗಳಿಗೆ ಪುಕ್ಕಟೆ ಕೊಡಬೇಕು ಅಂತ ತೈಲ ಕಂಪನಿಗಳ ನಿಯಮವೇ ಇದೆ. ಹೋಟೆಲಲ್ಲಾದರೆ ನಾನು ಒಂದು ಕಾಫಿ ತಗೊಂಡು ಕೇಳ್ತೀನಿ, ದಾಕ್ಷಿಣ್ಯ ಕಳೀಲಿ ಅಂತ.

ಅಕ್ಕ: ಆ ಕಾಫಿಯೇ ಅರ್ಧ ಗಂಟೆಗೆ ಮತ್ತೆ ಕೇಳೋ ಹಾಗೆ ಮಾಡುತ್ತೆ. ಸರಿ, ನಾಳೆ ಅಸೆಂಬ್ಲೀಲಿ ಮಕ್ಕಳಿಗೆ ಹೇಳೋದನ್ನ ನಿನಗೇ ಮೊದಲು ಹೇಳ್ತೀನಿ. ಬೇಕಾದಾಗ ಕೇಳಿ, ಕಿರುಬೆರಳು ಎತ್ತೋಕೆ ಅಂಜಬೇಡಿ. ಬಾಗಿಲು ತಟ್ಟಿ, ಉತ್ತರ ಬರೋವರೆಗೂ ಕಾಯಿರಿ. ಲೈನಲ್ಲಿ ಬಸುರಿ, ಮುದುಕಿ, ಮಗು ಇದ್ದರೆ ಮುಂದೆ ಬಿಡಿ. ಒಳಗೆ ಫೋನಲ್ಲಿ ಹರಟೆ ಬೇಡ, ಹೊರಗೆ ಕಾಯೋರಿದ್ದಾರೆ. ಮುಗಿದ ಮೇಲೆ ನೀರು ಹಾಕಿ ಒಂದು ಸಲ ತಿರುಗಿ ನೋಡಿ. ಬಕೆಟ್ಟು ಖಾಲಿ ಆಗಿದ್ದರೆ ಮುಂದಿನವರಿಗೆ ತುಂಬಿಸಿಡಿ. ಶುಚಿ ಮಾಡೋರು ಒಳಗಿದ್ದರೆ ಹೊರಗೆ ನಿಲ್ಲಿ, ಎದುರು ಸಿಕ್ಕರೆ ಮಾತಾಡಿಸಿ. ಬೋರ್ಡಲ್ಲಿ ಉಚಿತ ಅಂತ ಇದ್ದ ಕಡೆ ಕಾಸು ಕೇಳಿದರೆ ರಸೀದಿ ಕೇಳಿ.

ತಮ್ಮ: ನನಗೆ?

ಅಕ್ಕ: ನೀನು ಮುಂದಿನ ನಕ್ಷೇಲಿ ನಮ್ಮ ಕಡೆ ಜಾಸ್ತಿ ಬಾಗಿಲು ಬರಿ. ಪ್ರತಿ ಬಾಗಿಲಿಗೆ ಒಂದು ಚಿಲಕ, ಒಂದು ಮೊಳೆ, ಒಂದು ಮುಚ್ಚಳ ಇರೋ ಡಬ್ಬಿ ಅಂತ ಅದರಲ್ಲೇ ಬರೆದಿಡು. ಮಾಲೀಕರು ಹೊಡೆದುಹಾಕೋಕೆ ಬಂದರೆ ನಾಚ್ಕೊಳ್ಳದೆ ಜಗಳ ಆಡು.